ಕೋವಿಗೆ ವಿನಾಯಿತಿ, ಬಾಯಿಗೆ ಬೀಗ

ನಮ್ಮ ಕೊಡಗಿನಲ್ಲಿ ಕೊಡವರಿಗೂ ಜಮ್ಮಾ, ಅಂದರೆ ವಂಶಪಾರಂಪರ್ಯವಾಗಿ ಬಂದ ಭೂಮಿಯ, ಹಿಡುವಳಿದಾರರಿಗೂ ಕೋವಿ ಇಟ್ಟುಕೊಳ್ಳಲು ಲೈಸೆನ್ಸ್ ಬೇಡ. 1861ರಿಂದ ನಡೆದು ಬಂದ ವಿನಾಯಿತಿ. ಈಗಿನ ಆದೇಶ 2029ರವರೆಗೂ ಇದೆ. ಗಂಡುಮಗು ಹುಟ್ಟಿದರೆ ಒಂದು ಗುಂಡು, ಸಾವಾದರೆ ಎರಡು. ಆಯುಧಪೂಜೆಯ ಹಬ್ಬ ಕೈಲ್‌ಪೊಳ್ದ್ ಬಂತೆಂದರೆ ಕೋವಿಗೆ ತೋಕ್‌ಪೂ ಎಂಬ ಹೂ ಮುಡಿಸಿ ಪೂಜೆ. ಈ ಢಂ ಢಮಾರಿನಿಂದ ದೇಶದ ಭದ್ರತೆಗೆ ಧಕ್ಕೆಯಾಯಿತೆಂದು ಯಾರೂ ಕೋರ್ಟ್ ಮೆಟ್ಟಿಲು ಹತ್ತಿದ್ದು ನನಗಂತೂ ಗೊತ್ತಿಲ್ಲ.

ಧಕ್ಕೆಯಾಗಿದ್ದು 2016ರ ಆಗಸ್ಟ್‌ನಲ್ಲಿ, ಅದೂ ಬರೀ ಬಾಯಿಮಾತಿಗೆ. ಪಾಕಿಸ್ತಾನಕ್ಕೆ ಹೋಗುವುದೂ ನರಕಕ್ಕೆ ಹೋಗುವುದೂ ಒಂದೇ ಎಂದಿದ್ದರು ಆಗಿನ ರಕ್ಷಣಾ ಸಚಿವ ಮನೋಹರ್ ಪರಿಕ್ಕರ್. ಸಾರ್ಕ್ ಕಾರ್ಯಕ್ರಮಕ್ಕೆಂದು ಅಲ್ಲಿಗೆ ಹೋಗಿಬಂದ ನಟಿ, ಮಾಜಿ ಸಂಸದೆ ರಮ್ಯಾ, ಅದು ನರಕವಲ್ಲ, ಅಲ್ಲಿನ ಜನರೂ ನಮ್ಮ ಹಾಗೆಯೇ ಎಂದುಬಿಟ್ಟರು. ಬಾಯಿ ಬಿಟ್ಟರೆ ಬಣ್ಣಗೇಡು! ನಮ್ಮದೇ ಕೊಡಗಿನ ಸೋಮವಾರಪೇಟೆ ನ್ಯಾಯಾಲಯದಲ್ಲಿ ದೇಶದ್ರೋಹದ ಖಾಸಗಿ ದೂರು ಬಿತ್ತು. ನರಕ ಎಲ್ಲಿದೆ ಎಂದು ತಿಳಿಯಲು ಗರುಡ ಪುರಾಣ ಸಾಲದೆ ದಂಡ ಸಂಹಿತೆ ಐಪಿಸಿ ತೆರೆಯಬೇಕಾಯಿತು.

ಫೀಲ್ಡ್ ಮಾರ್ಷಲ್ ಕಾರ್ಯಪ್ಪ, ಜನರಲ್ ತಿಮ್ಮಯ್ಯ ಹುಟ್ಟಿದ ಜಿಲ್ಲೆಯಿದು. ಕಾರ್ಯಪ್ಪನವರ ಮಗನಂತೂ 1965ರ ಯುದ್ಧದಲ್ಲಿ ವಿಮಾನ ಉರುಳಿ ಪಾಕಿಸ್ತಾನದಲ್ಲೇ ಸೆರೆಯಾಳಾಗಿದ್ದವರು. ಅಲ್ಲಿ ಊಟ ಪರವಾಗಿರಲಿಲ್ಲ ಎಂದೇನಾದರೂ ಅವರು ಅಂದಿದ್ದರೆ ಯಾವ ಸೆಕ್ಷನ್ ಹಾಕುತ್ತಿದ್ದರೋ!

ತಮಾಷೆ ನೋಡಿ: ಕೊಡಗಿಗೆ ಕೋವಿ ಬಿಟ್ಟುಕೊಟ್ಟ ಅದೇ ಬ್ರಿಟಿಷರು ಒಂಬತ್ತೇ ವರ್ಷಕ್ಕೆ, 1870ರಲ್ಲಿ, ದೇಶದ ಬಾಯಿಗೆ ಐಪಿಸಿಯ ದೇಶದ್ರೋಹದ ಕಲಮು 124ಎ ಎಂಬ ಬೀಗ ಜಡಿದರು. ಹಿಂಸೆಗೆ, ಗಲಭೆಗೆ ಕುಮ್ಮಕ್ಕು ಕೊಡದ ಬರೀ ಟೀಕೆ ದೇಶದ್ರೋಹವಲ್ಲ ಎಂದು ಸುಪ್ರೀಂ ಕೋರ್ಟ್ ಕೇದಾರನಾಥ್ ಸಿಂಗ್ ಪ್ರಕರಣದಲ್ಲಿ 1962ರಲ್ಲೇ ಹೇಳಿತು. 2022ರಲ್ಲಿ ಆ ಕಲಮನ್ನೇ ತಡೆಹಿಡಿಯಿತು. 2024ರಲ್ಲಿ ಬ್ರಿಟಿಷರ ಐಪಿಸಿ ಜಾಗಕ್ಕೆ ಭಾರತೀಯ ನ್ಯಾಯ ಸಂಹಿತೆ ಬಂದು ಕಲಮು 152 ಎಂಬ ಹೊಸ ಬೀಗ ತಂದಿತು. ಜೀವಾವಧಿ ಮೊದಲೂ ಇತ್ತು, ಈಗಲೂ ಇದೆ. ಅದು ಬೇಡವೆಂದರೆ ಮೂರು ವರ್ಷದವರೆಗೆ ಇದ್ದದ್ದು ಏಳಕ್ಕೆ ಏರಿದೆ. ವಸಾಹತುಶಾಹಿಯಿಂದ ಬಿಡುಗಡೆ ಸ್ವಲ್ಪ ದುಬಾರಿಯೇ.

ನನ್ನದೊಂದು ಸಲಹೆ. ಜಮ್ಮಾ ಕೋವಿಯಂತೆ ಜಮ್ಮಾ ನಾಲಿಗೆಗೂ ವಿನಾಯಿತಿ ಪತ್ರ ಕೊಡಲಿ. ಮಡಿಕೇರಿ ಡಿಸಿ ಕಚೇರಿಯಲ್ಲಿ ಅರ್ಜಿ, ಜೊತೆಗೆ ತೋಟಕ್ಕೆ ನುಗ್ಗುವ ಕಾಡುಹಂದಿಯನ್ನು ಬೈಯಲಷ್ಟೇ ಬಳಸುತ್ತೇನೆಂಬ ಮುಚ್ಚಳಿಕೆ. ಚುನಾವಣೆ ಬಂದಾಗ ಕೋವಿ ಠಾಣೆಗೆ ಜಮೆ ಮಾಡಿ ಎನ್ನುವಂತೆ ನಾಲಿಗೆಯನ್ನೂ ಜಮೆ ಮಾಡಿಸಿಕೊಳ್ಳಬಹುದು. ಅಭ್ಯರ್ಥಿಗಳಿಗೆ ಮಾತ್ರ ರಿಯಾಯಿತಿ ಕೊಡಲೇಬೇಕು; ಪಾಕಿಸ್ತಾನದ ಹೆಸರೆತ್ತದೆ ಪಾಪ, ಅವರ ಭಾಷಣ ಮುಗಿಯುವುದಾದರೂ ಹೇಗೆ?