ದೆವ್ವಕ್ಕೆ ಮೂರು ಕಣ್ಣಿದ್ದರೆ ಯಾರಿಗೇನು ಕಷ್ಟ?

ಮಧ್ಯಾಹ್ನ ಮಗಳ ಶಾಲೆಯಿಂದ ಬಂದಾಗಿನಿಂದ ಸಿಟ್ಟು ಇಳಿದಿಲ್ಲ. ಅದಕ್ಕೇ ಇಷ್ಟುದ್ದ ಬರೆಯುತ್ತಿದ್ದೇನೆ. ಪುರುಸೊತ್ತು ಇದ್ದವರು ಪೂರ್ತಿ ಓದಿ.

ಇವತ್ತು ಎರಡನೇ ಕ್ಲಾಸಿನ ಹ್ಯಾಲೋವೀನ್ ಪಾರ್ಟಿ. ದೆವ್ವ-ಭೂತದ ವೇಷ ಹಾಕಿ ಆಚರಿಸುವ ಇಲ್ಲಿನ ಹಬ್ಬ ಅದು. ಸಹಾಯಕ್ಕೆ ಅಂತ ನಾವು ಕೆಲವು ಅಪ್ಪ-ಅಮ್ಮಂದಿರು ಹೋಗಿದ್ದೆವು. ಕ್ರಾಫ್ಟ್ ಟೇಬಲ್ ಮೇಲೆ ಪ್ರತಿ ಮಗುವಿಗೂ ಒಂದು ಪ್ಲಾಸ್ಟಿಕ್ ಚೀಲ ಇಟ್ಟಿದ್ದರು. ಒಳಗೆ ಮೊದಲೇ ಕತ್ತರಿಸಿದ ಬಿಳಿ ಫೋಮಿನ ದೆವ್ವ, ಕಣ್ಣು, ಬಾಯಿ, ಒಂದು ಪುಟ್ಟ ಟೋಪಿ. ಎಲ್ಲದರ ಹಿಂದೆಯೂ ಅಂಟು ಬಳಿದೇ ಇತ್ತು. ಹಿಂದಿನ ಕಾಗದ ಬಿಡಿಸಿ ಒತ್ತಿದರೆ ಕೆಲಸ ಮುಗಿಯಿತು. ಕತ್ತರಿ ಬೇಡ, ಬಣ್ಣ ಬೇಡ, ಯೋಚನೆಯೂ ಬೇಡ.

ಅದರಲ್ಲೂ ಒಬ್ಬ ಹುಡುಗ ಯೋಚನೆ ಮಾಡಿದ. ಅವನ ಚೀಲದಲ್ಲಿ ಒಂದು ಕಣ್ಣು ಜಾಸ್ತಿ ಬಂದಿತ್ತು. ಅದನ್ನು ದೆವ್ವದ ಹಣೆಗೆ ಅಂಟಿಸಿ ಸ್ವಲ್ಪ ಹೊತ್ತು ನೋಡುತ್ತಾ ಕೂತ. ಎಷ್ಟು ಖುಷಿಯಾಗಿದ್ದ ಅಂದರೆ, ಅವನ ಕಾಲು ಕುರ್ಚಿಯ ಕೆಳಗೆ ಕುಣಿಯುತ್ತಿತ್ತು. ಅಷ್ಟರಲ್ಲಿ ಸಹಾಯಕ್ಕೆ ಬಂದಿದ್ದ ಒಬ್ಬರು ಪ್ರೀತಿಯಿಂದಲೇ ಬಗ್ಗಿ, ಹಣೆಯ ಕಣ್ಣನ್ನು ಕಿತ್ತು, ಉಳಿದ ಎರಡನ್ನೂ ಒಂದೇ ಸಾಲಿಗೆ ತಂದು, "ಈಗ ಸರಿಯಾಯ್ತು ನೋಡು" ಅಂತ ಕೈಗೆ ಕೊಟ್ಟರು. ಹುಡುಗ ಏನೂ ಹೇಳಲಿಲ್ಲ. ದೆವ್ವವನ್ನು ಅಲ್ಲೇ ಬಿಟ್ಟು ಕುಕೀ ಇಟ್ಟಿದ್ದ ಟೇಬಲ್‌ಗೆ ಹೋದ. ಮನೆಗೂ ಒಯ್ಯಲಿಲ್ಲ.

ಸರಿ ಅಂದರೆ ಏನು? ಸರಿಯಾದ ದೆವ್ವವನ್ನು ಯಾರು ನೋಡಿದ್ದಾರೆ? ಶಿವನ ಚಿತ್ರ ನೋಡುತ್ತಾ ಬೆಳೆದ ನಮಗಂತೂ ಹಣೆಯ ಮೇಲಿನ ಕಣ್ಣು ವಿಚಿತ್ರವೇ ಅಲ್ಲ.

ನನಗೆ ಹ್ಯಾಲೋವೀನ್ ಇಷ್ಟ. "ನಮ್ಮ ಹಬ್ಬ ಬಿಟ್ಟು ಇದೆಲ್ಲ ಯಾಕೆ" ಅನ್ನುವ ಮಾತು ಇಲ್ಲಿ ಬೇಡ. ಮಕ್ಕಳು ಹುಟ್ಟಿ ಬೆಳೆಯುತ್ತಿರುವುದು ನ್ಯೂಜೆರ್ಸಿಯಲ್ಲಿ. ಅಕ್ಟೋಬರ್ 31ಕ್ಕೆ ಅಕ್ಕಪಕ್ಕದ ಮನೆಯ ಬಾಗಿಲು ತಟ್ಟುತ್ತಾರೆ, ನವೆಂಬರ್ 1ಕ್ಕೆ ಅರಿಶಿನ-ಕುಂಕುಮ ಬಣ್ಣದ ಬಾವುಟ ಹಿಡಿಯುತ್ತಾರೆ. ಎರಡೂ ಅವರದ್ದೇ.

ಇಷ್ಟ ಅಂದಿದ್ದಕ್ಕೆ ಕಾರಣ ಇದೆ. ಚಿಕ್ಕ ಮಕ್ಕಳ ಕೈಗೆ ಇದರಷ್ಟು ಒಗ್ಗುವ ಹಬ್ಬ ನನಗೆ ಬೇರೆ ಕಂಡಿಲ್ಲ. ರಾಜ್ಯೋತ್ಸವದ ಬಾವುಟ ಮಾಡಿಸಿದರೆ ಹಳದಿ ಮೇಲೇ ಬರಬೇಕು, ಕೆಂಪು ಕೆಳಗೇ ಬರಬೇಕು. ಕರ್ನಾಟಕದ ನಕ್ಷೆ ಕತ್ತರಿಸುವಾಗ ಕತ್ತರಿ ಸ್ವಲ್ಪ ಜಾರಿದರೂ ಬೀದರ್ ಹೋಯಿತು. ಹಣತೆಗೆ ಒಂದು ಆಕಾರ ಇದೆ, ಗಣಪತಿಗೆ ಸೊಂಡಿಲು ಇರಲೇಬೇಕು. ದೆವ್ವಕ್ಕೆ ಅಂಥ ಯಾವ ಕಟ್ಟುಪಾಡೂ ಇಲ್ಲ. ಕತ್ತರಿ ಜಾರಿತಾ? ಹರಿದ ಬಟ್ಟೆಯ ದೆವ್ವ ಆಯಿತು. ಬಣ್ಣ ಸೋರಿತಾ? ಇನ್ನೂ ಭಯಂಕರ ಆಯಿತು. ಆರೇಳು ವರ್ಷದ ಕೈ ಇನ್ನೂ ಹದಕ್ಕೆ ಬರುತ್ತಿರುತ್ತದೆ. ಗೆರೆ ಸೊಟ್ಟ ಬರುತ್ತದೆ, ಅಂಟು ಜಾಸ್ತಿ ಬೀಳುತ್ತದೆ. ವರ್ಷವಿಡೀ ಅದನ್ನು ತಪ್ಪು ಅನ್ನುತ್ತೇವೆ. ತಪ್ಪೇ ಆಗಲು ಸಾಧ್ಯವಿಲ್ಲದ ಹಬ್ಬ ವರ್ಷಕ್ಕೊಂದು ಬರುತ್ತದೆ. ಅಲ್ಲೂ ನಾವು ದೊಡ್ಡವರು ಕೈ ಹಾಕುತ್ತೇವೆ!

ಈ ಹಬ್ಬದ ಮೂಲ ನೋಡಿದರೂ ಇದೇ ಕಥೆ. ಹ್ಯಾಲೋವೀನ್‌ಗೆ ಕುಂಬಳಕಾಯಿಯಲ್ಲಿ ದೆವ್ವದ ಮುಖ ಕೊರೆಯುತ್ತಾರಲ್ಲ, ಐರ್ಲೆಂಡ್, ಸ್ಕಾಟ್ಲೆಂಡ್ ಕಡೆ ಮೊದಲು ಅದನ್ನು ಕೊರೆಯುತ್ತಿದ್ದದ್ದು ಟರ್ನಿಪ್ ಗೆಡ್ಡೆಯಲ್ಲಿ. 1840ರ ದಶಕದಲ್ಲಿ ಆಲೂಗಡ್ಡೆ ಬೆಳೆ ಹಾಳಾಗಿ ಐರ್ಲೆಂಡಿನಲ್ಲಿ ದೊಡ್ಡ ಬರಗಾಲ ಬಂತು. ಆಗ ಅಮೆರಿಕಕ್ಕೆ ಗುಂಪು ಗುಂಪಾಗಿ ಬಂದ ಐರಿಷ್ ಜನರ ಜೊತೆ ಅವರ ಹಬ್ಬವೂ ಬಂತು. ಇಲ್ಲಿ ಟರ್ನಿಪ್‌ಗಿಂತ ದೊಡ್ಡದಾದ, ಕೊರೆಯಲು ಸುಲಭವಾದ ಕುಂಬಳಕಾಯಿ ಸಿಕ್ಕಿತು. ಐರ್ಲೆಂಡಿನ ಮೇಯೋ ಕೌಂಟಿಯಲ್ಲಿರುವ ರಾಷ್ಟ್ರೀಯ ಮ್ಯೂಸಿಯಂನಲ್ಲಿ ಡಾನೆಗಲ್ ಕಡೆಯ ಅಂಥದ್ದೊಂದು ಹಳೇ ಟರ್ನಿಪ್ ಮುಖದ ಅಚ್ಚು ಇದೆ. ಫೋಟೋ ಹುಡುಕಿ ನೋಡಿ. ಸುಕ್ಕು ಸುಕ್ಕು ಮುಖ, ಒಡಕು ಹಲ್ಲು, ಗುಳಿಬಿದ್ದ ಕಣ್ಣು. ಆ ವಿಕಾರವೇ ಅದರ ಶಕ್ತಿ. ನಮ್ಮೂರಲ್ಲಿ ಹೊಸ ಮನೆ ಕಟ್ಟುವಾಗ ದೃಷ್ಟಿ ತಾಗದಿರಲಿ ಅಂತ ಬೂದುಗುಂಬಳಕ್ಕೆ ರಾಕ್ಷಸನ ಮುಖ ಬರೆದು ತೂಗುಹಾಕುತ್ತಾರಲ್ವಾ? ಕೋರೆಹಲ್ಲು, ಕೆಂಪು ನಾಲಿಗೆ, ಒಂದು ಕಡೆ ಮೇಲಕ್ಕೆ ಹೋದ ಮೀಸೆ. ಅದನ್ನು ಯಾರಾದರೂ ಸ್ಕೇಲ್ ಹಿಡಿದು ತಿದ್ದುತ್ತಾರಾ?

ನಮ್ಮಮ್ಮ ಟೀಚರ್ ಆಗಿದ್ದದ್ದು ನಿಮ್ಮಲ್ಲಿ ಹೆಚ್ಚಿನವರಿಗೆ ಗೊತ್ತು. ಹೆಗ್ಗಡದೇವನಕೋಟೆ ಕಡೆಯ ಸರ್ಕಾರಿ ಶಾಲೆ. ಸರ್ಕಾರಿ ಶಾಲೆಯ ಚಿಕ್ಕ ಮಕ್ಕಳು ಆಡುತ್ತಾ, ಮಾಡುತ್ತಾ ಕಲಿಯುವ ನಲಿಕಲಿ ಪದ್ಧತಿ 1995ರಲ್ಲಿ ಶುರುವಾದದ್ದು ಅದೇ ತಾಲ್ಲೂಕಿನಲ್ಲಿ. ಅಲ್ಲಿನ ಕ್ಲಾಸಿನಲ್ಲಿ ತಲೆಯ ಮೇಲೆ ದಾರ ಕಟ್ಟಿ ಚಪ್ಪರ ಮಾಡಿರುತ್ತಿದ್ದರು. ಮಕ್ಕಳು ಬರೆದದ್ದು, ಕತ್ತರಿಸಿದ್ದು, ಅಂಟಿಸಿದ್ದು ಎಲ್ಲ ಅದಕ್ಕೆ ನೇತಾಡುತ್ತಿತ್ತು. ಮೂರು ಕಾಲಿನ ಹಸು, ಬಾಲ ಇಲ್ಲದ ನವಿಲು, ಎಲ್ಲವೂ. ಸಾಮಾನು ಅಂದರೆ ಹಳೇ ಕ್ಯಾಲೆಂಡರ್, ಬೆಂಕಿಪೊಟ್ಟಣ, ಎಲೆ, ಮೈದಾ ಕಲಸಿ ಕುದಿಸಿದ ಅಂಟು, ಅಷ್ಟೇ. ಸಂಜೆ ಫೋನ್ ಮಾಡಿ ಇವತ್ತಿನ ಕಥೆ ಹೇಳಿದೆ. ಅಮ್ಮ ಕೇಳಿದ್ದು ಒಂದೇ ಮಾತು: "ಎಲ್ಲಾ ಒಂದೇ ಥರ ಇದ್ರೆ ತನ್ನದು ಯಾವುದು ಅಂತ ಮಗುಗೆ ಹೆಂಗೆ ಗೊತ್ತಾಗುತ್ತೆ ಕಣೇ?"

ಉತ್ತರ ಇದೆ. ದೆವ್ವದ ಬೆನ್ನಿಗೆ ಹೆಸರು ಬರೆದಿದ್ದರು. ಗೋಡೆ ತುಂಬ ಒಂದೇ ಮುಖದ ದೆವ್ವಗಳು. ನನ್ನ ಮಗಳೇ ತನ್ನದನ್ನು ತಿರುಗಿಸಿ ಹೆಸರು ನೋಡಿ ಹುಡುಕಿದಳು. ಆಗ ನನಗೆ ಅಳುವೇ ಬಂತು. ಇಷ್ಟಕ್ಕೆಲ್ಲ ಅಳುತ್ತಾರಾ ಅನ್ನುವವರು ಅನ್ನಲಿ.

ಈಗ ನೀವು ಹೇಳುವುದು ನನಗೆ ಗೊತ್ತು. ಪಾರ್ಟಿಗೆ ಸಿಗುವುದೇ ಸ್ವಲ್ಪ ಹೊತ್ತು. ಅಷ್ಟೊಂದು ಮಕ್ಕಳು, ಒಬ್ಬರೇ ಟೀಚರ್. ಬಣ್ಣ ನೆಲಕ್ಕೆ ಬಿದ್ದರೆ ಯಾರು ಒರೆಸುವುದು? ಕತ್ತರಿ ಕೊಟ್ಟರೆ ಯಾರಾದರೂ ಕೂದಲು ಕತ್ತರಿಸಿಕೊಂಡರೆ? ಟೀಚರ್‌ಗೆ ಕಷ್ಟ ಇದೆ, ಒಪ್ಪುತ್ತೇನೆ. ಆದರೆ ಸಹಾಯಕ್ಕೆ ಅಂತ ನಾವು ಹೋಗಿದ್ದೆವಲ್ಲ! ನೆಲ ಒರೆಸುವುದಕ್ಕೇ ಹೋಗಬಹುದಿತ್ತು. ತುದಿ ಮೊಂಡಾದ ಮಕ್ಕಳ ಕತ್ತರಿ ಆ ಕ್ಲಾಸಿನಲ್ಲೇ ಡಬ್ಬಿ ತುಂಬ ಇದೆ, ದಿನವೂ ಬಳಸುತ್ತಾರೆ. ಸಮಯ ಸಾಲದಿದ್ದರೆ ಸುಲಭದ ಕೆಲಸ ಆರಿಸಬೇಕು. ಮಗುವಿನ ಕೆಲಸವನ್ನು ನಾವು ಮಾಡಿಬಿಡುವುದು ಅದಕ್ಕೆ ಪರಿಹಾರ ಆಗುವುದಿಲ್ಲ.

ಸುಲಭದ್ದು ಎಷ್ಟು ಬೇಕು? ಈಗ ಹೊರಗೆ ಹೋದರೆ ಮೇಪಲ್ ಎಲೆ ಕಾಲಡಿಗೆ ಬಿದ್ದಿದೆ. ಒಂದು ಎಲೆ ಎತ್ತಿಕೊಳ್ಳಿ. ತೊಟ್ಟು ಮೇಲಕ್ಕೆ ಬರುವ ಹಾಗೆ ಹಿಡಿಯಿರಿ. ಬಿಳಿ ಬಣ್ಣ ಬಳಿಯಲಿ ಮಗು. ಒಣಗಿದ ಮೇಲೆ ಕಪ್ಪು ಮಾರ್ಕರ್‌ನಲ್ಲಿ ಕಣ್ಣು, ಬಾಯಿ ಬರೆಯಲಿ. ಎಲೆಯ ಚೂಪು ತುದಿಗಳು ದೆವ್ವದ ಬಟ್ಟೆಯ ಅಂಚಿನ ಹಾಗೆ ಕಾಣುತ್ತವೆ. ಯಾವ ಎರಡು ಎಲೆಯೂ ಒಂದೇ ಥರ ಇರುವುದಿಲ್ಲ, ಹಾಗಾಗಿ ಯಾವ ಎರಡು ದೆವ್ವವೂ ಒಂದೇ ಥರ ಆಗುವುದಿಲ್ಲ. ಖರ್ಚು ಒಂದು ಬಾಟಲಿ ಬಣ್ಣ.

ನನಗೆ ತುಂಬಾ ಇಷ್ಟವಾದದ್ದು ಕಾಫಿ ಫಿಲ್ಟರಿನ ಬಾವಲಿ. ಇಲ್ಲಿ ಕಾಫಿ ಮೆಷಿನ್ನಿಗೆ ಹಾಕುವ ದುಂಡನೆ ಬಿಳಿ ಕಾಗದ ಇದೆಯಲ್ಲ, ಅದು. ತೊಳೆದರೆ ಹೋಗುವ ಮಾರ್ಕರಿನಲ್ಲಿ ಮಗು ಅದರ ಮೇಲೆ ಹೇಗೆ ಬೇಕೋ ಹಾಗೆ ಗೀಚಲಿ. ಕೆಳಗೊಂದು ತಟ್ಟೆ ಇಡಿ. ಆಮೇಲೆ ನೀರು ಚಿಮುಕಿಸಿ. ಬಣ್ಣಗಳು ತಾವೇ ಹರಿದು ಒಂದರೊಳಗೊಂದು ಸೇರುತ್ತವೆ. ಕಪ್ಪು ಮಾರ್ಕರಿನ ಗೆರೆಯಿಂದ ನೇರಳೆ, ನೀಲಿ ಹೊರಗೆ ಬರುತ್ತದೆ, ಯಾಕೆಂದರೆ ಆ ಕಪ್ಪು ಶಾಯಿ ಹಲವು ಬಣ್ಣ ಬೆರೆಸಿ ಮಾಡಿದ್ದು. ನೀರು ಕಾಗದದಲ್ಲಿ ಹರಡುತ್ತಾ ಒಂದೊಂದನ್ನು ಒಂದೊಂದು ದೂರಕ್ಕೆ ಎಳೆದೊಯ್ಯುತ್ತದೆ. ಹೈಸ್ಕೂಲಿನಲ್ಲಿ ನಾವು ಕ್ರೊಮ್ಯಾಟೋಗ್ರಫಿ ಅಂತ ಬಾಯಿಪಾಠ ಮಾಡಿದ್ದನ್ನು ಏಳು ವರ್ಷದ ಮಗು ಬಾಯಿ ಬಿಟ್ಟುಕೊಂಡು ನೋಡುತ್ತದೆ. ಒಣಗಿದ ಮೇಲೆ ನಡುವೆ ಒಟ್ಟು ಮಾಡಿ ಬಟ್ಟೆ ಕ್ಲಿಪ್ಪು ಸಿಕ್ಕಿಸಿದರೆ ಎರಡು ಕಡೆ ರೆಕ್ಕೆ. ಕ್ಲಿಪ್ಪಿಗೆ ಎಷ್ಟು ಕಣ್ಣು ಬೇಕೋ ಅಷ್ಟು.

ಕಪ್ಪು ಕಾಗದ ಮಡಿಸಿ ಅರ್ಧ ಬಾವಲಿ ಕತ್ತರಿಸುವುದು ಇನ್ನೂ ಸುಲಭ. ಮಡಿಕೆಯ ಕಡೆ ಕತ್ತರಿಸಬಾರದು, ಅಷ್ಟು ಹೇಳಿಕೊಟ್ಟರೆ ಸಾಕು. ಮಗು ಎಷ್ಟೇ ಸೊಟ್ಟಗೆ ಕತ್ತರಿಸಲಿ, ಬಿಚ್ಚಿದಾಗ ಎಡಕ್ಕೂ ಬಲಕ್ಕೂ ಅದೇ ಸೊಟ್ಟು ಬಂದು ಒಂದು ಅಂದ ಬಂದಿರುತ್ತದೆ. ಬಿಚ್ಚುವ ಆ ಕ್ಷಣದಲ್ಲಿ ಮಗುವಿನ ಮುಖ ನೋಡಬೇಕು. ಮೊದಲೇ ಕತ್ತರಿಸಿ ಚೀಲದಲ್ಲಿ ಹಾಕಿಕೊಟ್ಟವರು ಕಿತ್ತುಕೊಂಡದ್ದು ಆ ಕ್ಷಣವನ್ನೇ.

ಕಿವಿಗೆ ಹಾಕುವ ಹತ್ತಿ ಬಡ್ಸ್ ಕಪ್ಪು ಕಾಗದಕ್ಕೆ ಅಂಟಿಸಿದರೆ ಅಸ್ಥಿಪಂಜರ. ಟಾಯ್ಲೆಟ್ ಪೇಪರಿನ ಖಾಲಿ ಕೊಳವೆಗೆ ಬ್ಯಾಂಡೇಜ್ ಬಟ್ಟೆ ಸುತ್ತಿದರೆ ಈಜಿಪ್ಟಿನ ಮಮ್ಮಿ. ಪೇಪರ್ ಪ್ಲೇಟಿನ ಅಂಚಿಗೆ ತೂತು ಹೊಡೆದು ಉಲ್ಲನ್ ದಾರ ಪೋಣಿಸುತ್ತಾ ಹೋದರೆ ಜೇಡರ ಬಲೆ. ದಾರ ಗಂಟುಬಿದ್ದಷ್ಟೂ ಬಲೆ ಚೆನ್ನ. ಜೇಡಕ್ಕೆ ಆರೇ ಕಾಲು ಇಟ್ಟರೆ "ಎಂಟು ಇರಬೇಕಲ್ವಾ" ಅಂತ ಒಮ್ಮೆ ಕೇಳಿ. ಕಾಗದ ಮಡಿಸಿ ಇನ್ನೆರಡು ಕಾಲು ಮಾಡಿದರೆ ಮಾಡಲಿ. ಎರಡು ಕಾಲು ಜಗಳದಲ್ಲಿ ಹೋಯಿತು ಅಂದರೆ ಆ ಕಥೆ ಕೂತು ಕೇಳಿ. ನೀವೇ ಎತ್ತಿ ಅಂಟಿಸಬೇಡಿ, ಅಷ್ಟೇ.

ಕುಂಬಳಕಾಯಿ ಕೊರೆಯುವ ಚಾಕು ಮಾತ್ರ ದೊಡ್ಡವರ ಕೈಯಲ್ಲೇ ಇರಬೇಕು. ಅದರಲ್ಲಿ ವಾದ ಇಲ್ಲ. ಆದರೆ ಮುಖ ಹೇಗಿರಬೇಕು ಅಂತ ಮಗು ಬರೆಯಲಿ, ನಾವು ಆ ಗೆರೆಯ ಮೇಲೇ ಕೊರೆಯೋಣ. ಬೀಜ ತೆಗೆಯುವ ಕೆಲಸವೂ ಅವರದ್ದೇ. ಮೊಣಕೈವರೆಗೆ ಮೆತ್ತಿಕೊಳ್ಳಲಿ. ತೊಳೆದು ಉಪ್ಪು ಹಾಕಿ ಹುರಿದುಕೊಟ್ಟರೆ ತಿನ್ನುತ್ತಾರೆ. ಕೊರೆಯುವುದೇ ಬೇಡ ಅಂದರೆ ಪುಟ್ಟ ಕುಂಬಳಕಾಯಿಗೆ ಬಣ್ಣ ಹಚ್ಚಲಿ.

ಕೈ ಅಷ್ಟು ಆಡದ ಮಕ್ಕಳಿರುತ್ತಾರೆ, ಅವರಿಗೆ ಸಹಾಯ ಬೇಕು. ಖಂಡಿತ ಬೇಕು. ಕತ್ತರಿಸುವಾಗ ಕಾಗದ ಬಿಗಿಯಾಗಿ ಹಿಡಿದುಕೊಳ್ಳಿ. ಅಂಟಿನ ಮುಚ್ಚಳ ತೆಗೆದುಕೊಡಿ. ಕಣ್ಣು ಎಲ್ಲಿಡಲಿ ಅಂತ ಕೇಳಿ, ಮಗು ತೋರಿಸಿದ ಜಾಗದಲ್ಲೇ ಇಡಿ. ಗಲ್ಲದ ಮೇಲೆ ತೋರಿಸಿದರೆ ಗಲ್ಲದ ಮೇಲೆ.

ಇದು ಅಮೆರಿಕದ ಕಾಯಿಲೆ ಅಂದುಕೊಳ್ಳಬೇಡಿ. ನಮ್ಮ ಊರುಗಳಲ್ಲಿ ಶಾಲೆಯ ಎದುರಿನ ಅಂಗಡಿಯಲ್ಲಿ ರೆಡಿಮೇಡ್ ಪ್ರಾಜೆಕ್ಟ್ ಸಿಗುತ್ತದೆ. ಥರ್ಮಾಕೋಲ್ ಮನೆ, ಜ್ವಾಲಾಮುಖಿ, ಸೌರಮಂಡಲ, ಏನು ಬೇಕೋ ಅದು. ರಾತ್ರಿ ಹನ್ನೊಂದಕ್ಕೆ ಅಪ್ಪ ಚಾರ್ಟ್ ಬರೆಯುತ್ತಿರುತ್ತಾನೆ, ಮಗು ಮಲಗಿರುತ್ತದೆ. ಮಾರ್ಕು ಅಪ್ಪನ ಅಕ್ಷರಕ್ಕೆ ಬರುತ್ತದೆ. ಈಗ ಬೆಂಗಳೂರಿನ ಅಪಾರ್ಟ್‌ಮೆಂಟ್‌ಗಳಲ್ಲೂ ಹ್ಯಾಲೋವೀನ್ ಮಾಡುತ್ತಾರೆ. ಮಾಡಲಿ, ಸಂತೋಷ. ಮುಖವಾಡ ಕೊಂಡುಕೊಡುವ ಬದಲು ರಟ್ಟು, ಕತ್ತರಿ, ದಾರ ಕೊಡಿ. ಅಲ್ಲಿ ಮೇಪಲ್ ಎಲೆ ಇಲ್ಲದಿದ್ದರೆ ಅರಳಿ ಎಲೆ ಇದೆ, ಬಾದಾಮಿ ಮರದ ದೊಡ್ಡ ಎಲೆ ಇದೆ.

"ಗೋಡೆಗೆ ಹಾಕಿದರೆ ಚೆನ್ನಾಗಿ ಕಾಣಬೇಕಲ್ಲ" ಅಂತ ಇವತ್ತು ನನ್ನೆದುರೇ ಒಬ್ಬರು ಹೇಳಿದರು. ಯಾರ ಕಣ್ಣಿಗೆ? ಫೋಟೋ ತೆಗೆಯುವ ನಮ್ಮ ಕಣ್ಣಿಗೆ ತಾನೇ? ಆ ಗೋಡೆ ಮಕ್ಕಳದ್ದು. ಪಾರ್ಟಿ ಮಕ್ಕಳದ್ದು. ಆ ಮೂರು ಕಣ್ಣಿನ ದೆವ್ವ ಅಲ್ಲಿ ನೇತಾಡಿದ್ದರೆ ಇಡೀ ಗೋಡೆಯಲ್ಲಿ ಎಲ್ಲರೂ ನಿಂತು ನೋಡುವುದು ಅದೊಂದೇ ಆಗಿರುತ್ತಿತ್ತು.

ಟೀಚರ್ ಹತ್ತಿರ ಹೊರಡುವ ಮೊದಲೇ ಮಾತಾಡಿದೆ. ಮುಂದಿನ ಪಾರ್ಟಿಯ ಕ್ರಾಫ್ಟ್ ನನಗೆ ಬಿಡಿ ಅಂದೆ, ಒಪ್ಪಿದ್ದಾರೆ. ಕಾಗದ, ಕತ್ತರಿ, ಅಂಟು, ನೆಲಕ್ಕೆ ಹಾಸಲು ಹಳೇ ಪೇಪರ್ ಒಯ್ಯುತ್ತೇನೆ, ಚೀಲ ಒಂದೂ ಇರುವುದಿಲ್ಲ. ಈ ಕಡೆ ಇರುವವರು ಟಾಯ್ಲೆಟ್ ಪೇಪರ್ ಕೊಳವೆ, ಮೊಟ್ಟೆಯ ರಟ್ಟಿನ ಟ್ರೇ, ಉಳಿದ ಉಲ್ಲನ್ ದಾರ ಎಸೆಯದೆ ತೆಗೆದಿಡಿ. ಮೆಸೇಜ್ ಮಾಡಿದರೆ ನಾನೇ ಬಂದು ತೆಗೆದುಕೊಂಡು ಹೋಗುತ್ತೇನೆ.