ಚಾನೆಲ್ ಹೆಸರನ್ನೂ ಬರೆಯಬೇಕಿತ್ತು

ಫುಟ್‌ಬಾಲ್ ಕ್ಲಬ್ ಬೆಂಗಳೂರು ಎಫ್‌ಸಿ ಕುರಿತು ನಿಮ್ಮಲ್ಲಿ ಬಂದ ಲೇಖನ ಓದಿದೆ. ಅದರ ಪಂದ್ಯಗಳನ್ನು ‘ಮನೆಯಲ್ಲೇ ಆರಾಮವಾಗಿ ನೋಡಬಹುದು’ ಎಂದು ಲೇಖಕರು ಒಂದೇ ಸಾಲಿನಲ್ಲಿ ಮುಗಿಸಿಬಿಟ್ಟಿದ್ದಾರೆ. ಎಲ್ಲಿ ಸ್ವಾಮಿ? ಈ ಕ್ಲಬ್ ಆಡುವ ಇಂಡಿಯನ್ ಸೂಪರ್ ಲೀಗ್ (ಐಎಸ್‌ಎಲ್) ಮೊದಲು ಸ್ಟಾರ್ ಸ್ಪೋರ್ಟ್ಸ್ ಮತ್ತು ಹಾಟ್‌ಸ್ಟಾರ್‌ನಲ್ಲಿ ಬರುತ್ತಿತ್ತು. 2023-24ರಲ್ಲಿ ಸ್ಪೋರ್ಟ್ಸ್18 ಮತ್ತು ಜಿಯೋಸಿನಿಮಾಗೆ ಹೋಯಿತು. 2025ರ ಫೆಬ್ರುವರಿಯಲ್ಲಿ ಹಾಟ್‌ಸ್ಟಾರ್ ಮತ್ತು ಜಿಯೋಸಿನಿಮಾ ಆ್ಯಪ್‌ಗಳೆರಡೂ ಸೇರಿ ಜಿಯೋಹಾಟ್‌ಸ್ಟಾರ್ ಆದವು. ಪ್ರಸಾರದ ಹಕ್ಕು ಕೈ ಬದಲಾದಾಗಲೆಲ್ಲ ನಾವು ತುಮಕೂರಿನವರು ಕೇಬಲ್‌ನವರ ಮುಂದೆ ನಿಲ್ಲಬೇಕು. ‘ಆ ಚಾನೆಲ್ ನಿಮ್ಮ ಪ್ಯಾಕ್‌ನಲ್ಲಿಲ್ಲ’ ಎನ್ನುವ ಉತ್ತರ ಮಾತ್ರ ಬದಲಾಗುವುದಿಲ್ಲ. ಹೋಟೆಲ್‌ಗಳ ಟಿವಿಯಂತೂ ಕ್ರಿಕೆಟ್‌ಗೇ ಮೀಸಲು. ಹಳೆಯ ಪಂದ್ಯದ ಮರುಪ್ರಸಾರವಾದರೂ ಸರಿ, ಚಾನೆಲ್ ಬದಲಿಸುವುದಿಲ್ಲ.

ಮೊಬೈಲ್‌ನಲ್ಲಿ ನೋಡಿದರೆ ಇನ್ನೊಂದು ಫಜೀತಿ. ನೇರಪ್ರಸಾರ ಆಟಕ್ಕಿಂತ ಅರ್ಧ ನಿಮಿಷವಾದರೂ ಹಿಂದಿರುತ್ತದೆ. ನನ್ನ ಪರದೆಯಲ್ಲಿ ಬೆಂಗಳೂರಿನ ಆಟಗಾರ ಸುನಿಲ್ ಚೆಟ್ರಿ ಇನ್ನೂ ಚೆಂಡಿಗಾಗಿ ಕಾಯುತ್ತಿರುವಾಗಲೇ ಬೆಂಗಳೂರಿನ ಕಂಠೀರವ ಕ್ರೀಡಾಂಗಣದ ವೆಸ್ಟ್ ಬ್ಲಾಕ್ ಗ್ಯಾಲರಿಯಲ್ಲಿರುವ ಭಾವಮೈದುನನಿಂದ ‘ಗೋಲ್’ ಎಂದು ವಾಟ್ಸ್‌ಆ್ಯಪ್ ಬರುತ್ತದೆ. ಈಗ ಪಂದ್ಯ ಮುಗಿಯುವವರೆಗೂ ಅವನ ಸಂದೇಶ ತೆರೆಯುವುದಿಲ್ಲ.

ಓದುಗರಿಗೆ ಹೇಳುವುದಿಷ್ಟೇ: ವರ್ಷದ ಚಂದಾ ಕಟ್ಟುವ ಮುಂಚೆ ಆ ಋತುವಿನ ಪ್ರಸಾರ ಯಾರದ್ದೆಂದು ಕ್ಲಬ್‌ನ ಜಾಲತಾಣದಲ್ಲಿ ನೋಡಿಕೊಳ್ಳಿ. ತವರಿನ ಪಂದ್ಯವಾದರೆ ಕಂಠೀರವಕ್ಕೇ ಹೋಗುವುದು ವಾಸಿ, ಇಲ್ಲಿಂದ ಸುಮಾರು 70 ಕಿ.ಮೀ. ಅಷ್ಟೇ. ಸಂಜೆ 7.30ರ ಆಟ ಒಂಬತ್ತೂವರೆಯ ಹೊತ್ತಿಗೆ ಮುಗಿಯುತ್ತದೆ, ಮೆಜೆಸ್ಟಿಕ್‌ನಿಂದ ತುಮಕೂರಿಗೆ ಬಸ್ ಸಿಗುತ್ತದೆ. ನೆಲಮಂಗಲ ದಾಟುವವರೆಗೆ ಸೀಟು ಸಿಗುವ ಭರವಸೆ ಮಾತ್ರ ಬೇಡ.