ಸರ್ಕಾರಿ ಸಂಬಳದಲ್ಲಿ ಹೊಲಿದ ಬಟ್ಟೆಗಳು

ಸೋವಿಯತ್ ರಷ್ಯಾದ ಸಿನಿಮಾ ನಿರ್ದೇಶಕ ಆಂದ್ರೇ ತಾರ್ಕೋವ್‌ಸ್ಕಿ ಅಂದ ಕೂಡಲೇ ನಮ್ಮ ಫಿಲ್ಮ್ ಸೊಸೈಟಿ ಗೆಳೆಯರು ಮಳೆ, ಮಂಜು, ಉದ್ದುದ್ದ ಶಾಟ್ ಅಂತ ಶುರು ಮಾಡುತ್ತಾರೆ. ಬಟ್ಟೆಯ ಮಾತು ಬರುವುದೇ ಇಲ್ಲ. ಅವರ ‘ಸೊಲಾರಿಸ್’ (1972), ‘ಮಿರರ್’ (1975), ‘ಸ್ಟಾಕರ್’ (1979) ಮೂರಕ್ಕೂ ವಸ್ತ್ರವಿನ್ಯಾಸ ಮಾಡಿದ್ದು ನೆಲ್ಲಿ ಫೋಮಿನಾ. ಮೂರೂ ಮಾಸ್ಕೋದ ಮಾಸ್‌ಫಿಲ್ಮ್‌ನಲ್ಲಿ ತಯಾರಾದ ಚಿತ್ರಗಳು. ಅಲ್ಲಿ ಸ್ಟುಡಿಯೋ ಸರ್ಕಾರದ್ದು, ಸಂಬಳ ಸರ್ಕಾರದ್ದು, ಹೊಲಿದ ಬಟ್ಟೆಯೂ ಕೊನೆಗೆ ಸರ್ಕಾರದ್ದೇ.

ಸೊಲಾರಿಸ್‌ನಲ್ಲಿ ನನಗೆ ತುಂಬಾ ಇಷ್ಟವಾದ ಒಂದು ದೃಶ್ಯವಿದೆ. ನಾಯಕ ಕೆಲ್ವಿನ್‌ನ ಸತ್ತುಹೋದ ಹೆಂಡತಿ, ಹಾರಿ ಅಂತ ಅವಳ ಹೆಸರು, ಬಾಹ್ಯಾಕಾಶ ನಿಲ್ದಾಣದಲ್ಲಿ ದಿಢೀರನೆ ಎದುರಾಗುತ್ತಾಳೆ. ಅವನ ನೆನಪಿನಿಂದಲೇ ಹುಟ್ಟಿಬಂದವಳು. ಅವಳ ಉಡುಪಿನ ಬೆನ್ನ ಮೇಲೆ ಲಾಡಿ ಇದೆ, ಬಿಚ್ಚಲು ಹೋದರೆ ತೆರಪೇ ಇಲ್ಲ! ಕೆಲ್ವಿನ್ ಕತ್ತರಿ ಹಿಡಿಯಬೇಕಾಗುತ್ತದೆ. ಉಡುಪು ಹೇಗೆ ಕಾಣುತ್ತಿತ್ತು ಅನ್ನೋದಷ್ಟೇ ಅವನಿಗೆ ನೆನಪು, ಅದನ್ನು ಹೇಗೆ ತೊಡುತ್ತಿದ್ದಳು ಅನ್ನೋದಲ್ಲ. ಈ ಕಲ್ಪನೆ ಚಿತ್ರಕ್ಕೆ ಆಧಾರವಾದ ಕಾದಂಬರಿ ಬರೆದ ಪೋಲೆಂಡಿನ ಲೇಖಕ ಲೆಮ್ ಅವರದು, ನಿಜ. ಆದರೆ ನೋಡಲು ಮಾಮೂಲಿ ಉಡುಪು, ಮುಟ್ಟಿದರೆ ಮಾತ್ರ ಏನೋ ಸರಿಯಿಲ್ಲ ಅನ್ನಿಸಬೇಕು. ಅದನ್ನು ಬಟ್ಟೆಯಲ್ಲಿ ಮಾಡಿ ತೋರಿಸುವುದು ಸುಮ್ನೆ ಮಾತಲ್ಲ. ಮುಂದೆ ಕುರ್ಚಿಯ ಮೇಲೆ ಒಂದೇ ಥರದ ಎರಡು ಶಾಲು ಕಾಣುತ್ತವೆ. ಹಾರಿ ಎರಡನೇ ಸಲ ಬಂದಿದ್ದಾಳೆ ಅಂತ ಬಾಯಿಬಿಟ್ಟು ಹೇಳುವುದೇ ಬೇಡ, ಶಾಲು ಹೇಳಿಬಿಡುತ್ತದೆ.

ಮಿರರ್‌ನದು ಬೇರೆ ಕಷ್ಟ. ನಿರ್ದೇಶಕರ ಮನೆಯವರ ಹಳೆಯ ಫೋಟೋಗಳನ್ನು ಮುಂದಿಟ್ಟುಕೊಂಡು ಅವರ ಬಾಲ್ಯದ ಮನೆಯನ್ನೇ ಮತ್ತೆ ಕಟ್ಟಿದ್ದರು. ಅಂಥ ಮನೆಯಲ್ಲಿ ಓಡಾಡುವ ತಾಯಿಯ ಉಡುಪು ಹೊಸದಾಗಿ ಹೊಲಿದಂತೆ ಕಂಡರೆ ಕಥೆ ಮುಗಿಯಿತು. ಸ್ಟಾಕರ್ ಅಂತೂ ಇನ್ನೂ ರಗಳೆ. ಎಸ್ಟೋನಿಯಾದಲ್ಲಿ ತೆಗೆದ ಮೊದಲ ಸುತ್ತಿನ ರೀಲುಗಳು ಲ್ಯಾಬ್‌ನಲ್ಲಿ ಹಾಳಾಗಿ, ಮತ್ತೆ ಮೊದಲಿಂದ ಶೂಟಿಂಗ್.

ಸರ್ಕಾರಿ ಸಿನಿಮಾ ಅಂದರೆ ಬರೀ ಪ್ರಚಾರ, ಕಲೆಗೆ ಜಾಗವಿಲ್ಲ ಅನ್ನುವವರಿದ್ದಾರೆ. ನಾನು ಪೂರ್ತಿ ಒಪ್ಪುವುದಿಲ್ಲ. ಸಿನಿಮಾ ಖಾತೆಯಾದ ಗೋಸ್‌ಕಿನೋ ಕಾಟ ಕೊಟ್ಟಿದ್ದು ನಿಜ. ಮಿರರ್‌ಗೆ ಕೆಲವೇ ಚಿತ್ರಮಂದಿರ ಸಿಕ್ಕವು. ಆದರೆ ಅದೇ ವ್ಯವಸ್ಥೆಯಲ್ಲಿ ಕಾಸ್ಟ್ಯೂಮ್ ಡಿಸೈನರ್‌ಗೆ ಬ್ರ್ಯಾಂಡ್ ತೋರಿಸುವ ಹಂಗಿರಲಿಲ್ಲ, ಹಾಡಿಗೊಂದು ಡ್ರೆಸ್ ಅನ್ನುವ ಒತ್ತಡವೂ ಇರಲಿಲ್ಲ. ಕಣ್ಣಿಗೆ ಬೀಳದ ಕೆಲಸಕ್ಕೂ ತಿಂಗಳ ಸಂಬಳ ಬರುತ್ತಿತ್ತು. ನಮ್ಮಲ್ಲಿ ಈ ಧೈರ್ಯ ಯಾವ ನಿರ್ಮಾಪಕರಿಗಿದೆ ಹೇಳಿ? ‘ತಾಯಿ ಸಾಹೇಬ’ದ ವಸ್ತ್ರವಿನ್ಯಾಸಕ್ಕೆ ವೈಶಾಲಿ ಕಾಸರವಳ್ಳಿ ಅವರಿಗೆ ರಾಷ್ಟ್ರಪ್ರಶಸ್ತಿ ಬಂದಿದ್ದು ಎಷ್ಟು ಜನರಿಗೆ ಗೊತ್ತು? ನಟಿ ಅಂತ ಎಲ್ಲರಿಗೂ ಗೊತ್ತು, ಅಷ್ಟೇ.

ತಾರ್ಕೋವ್‌ಸ್ಕಿ ಆಮೇಲೆ ಇಟಲಿಗೆ ಹೋಗಿ ‘ನೊಸ್ಟಾಲ್ಜಿಯಾ’ (1983) ಮಾಡಿದರು, ವಾಪಸ್ ಬರಲಿಲ್ಲ. ಆ ಚಿತ್ರದ ವಸ್ತ್ರವಿನ್ಯಾಸ ಇಟಲಿಯ ಲೀನಾ ನೆರ್ಲಿ ತಾವಿಯಾನಿ ಅವರದು. ಅದನ್ನೂ ಫೋಮಿನಾ ಅವರೇ ಮಾಡಿದ್ದರೆ ಹೇಗಿರುತ್ತಿತ್ತು ಅಂತ ನನಗೆ ಈಗಲೂ ಕುತೂಹಲ. ಈ ಮೂರರಲ್ಲಿ ಯಾವುದನ್ನಾದರೂ ನೋಡಿದವರು ಕಾಮೆಂಟಿನಲ್ಲಿ ಬರೆಯಿರಿ, ಯಾವ ಬಟ್ಟೆ ನೆನಪಿದೆ?